ಬೆಂಗಳೂರು ಎಫ್‌ಸಿ ಪಂದ್ಯಗಳನ್ನು ಕಾರವಾರದಲ್ಲಿ ನೋಡುವುದು, ಕೇಳುವುದು ಹೇಗೆ?

ಪ್ರಶ್ನೆ: ನಾವು ಕಾರವಾರದ ಬೈತಖೋಲದವರು. ನನ್ನ ಅಪ್ಪನಿಗೆ ಮೊದಲಿನಿಂದಲೂ ಫುಟ್‌ಬಾಲ್ ಹುಚ್ಚು. ಬೆಂಗಳೂರು ಎಫ್‌ಸಿ ಆಡುವ ದಿನ ಊಟವನ್ನೂ ಮುಂದಕ್ಕೆ ಹಾಕುವವರು. ಈಚೆಗೆ ಗ್ಲಾಕೋಮಾದಿಂದ ಅವರ ದೃಷ್ಟಿ ತುಂಬಾ ಕುಗ್ಗಿದೆ. ಟಿವಿಯ ಮುಂದೆ ಕೂತರೂ ಚೆಂಡು ಎಲ್ಲಿದೆ ಎಂದು ತಿಳಿಯುವುದಿಲ್ಲ. ಮನೆಯಲ್ಲಿ ಡಿಟಿಎಚ್ ಇದ್ದರೂ ಒಂದು ಪಂದ್ಯ ಬಂದರೆ ಇನ್ನೊಂದು ಬರುವುದಿಲ್ಲ. ಮೊಬೈಲಿನಲ್ಲಿ ಹಾಕಿಕೊಟ್ಟರೆ ಪಕ್ಕದ ಮನೆಯವರು ಕೂಗಿದ ಎಷ್ಟೋ ಹೊತ್ತಿನ ಮೇಲೆ ನಮ್ಮಲ್ಲಿ ಗೋಲು ಆಗುತ್ತದೆ. ರೇಡಿಯೋದಲ್ಲಿ ವೀಕ್ಷಕ ವಿವರಣೆ ಸಿಗುತ್ತದೆಯೇ? ಒಮ್ಮೆ ಅಪ್ಪನನ್ನು ಗೋವಾದ ಫಾತೋರ್ಡಾ ಕ್ರೀಡಾಂಗಣಕ್ಕೆ ಕರೆದುಕೊಂಡು ಹೋಗಬೇಕೆಂಬ ಆಸೆಯಿದೆ, ಅದು ಸರಿಯೇ?

ಉತ್ತರ: ಬೆಂಗಳೂರು ಎಫ್‌ಸಿ ಯಾವ ಚಾನೆಲ್‌ನಲ್ಲಿ ಬರುತ್ತದೆ ಎಂದು ಕೇಳುವವರಿಗೆ ನಾನು ಮೊದಲು ಕೇಳುವ ಮರುಪ್ರಶ್ನೆ, ಯಾವ ಪಂದ್ಯಾವಳಿಯಲ್ಲಿ ಎಂಬುದು. ಪ್ರಸಾರದ ಹಕ್ಕು ಮಾರಾಟವಾಗುವುದು ತಂಡದ ಲೆಕ್ಕದಲ್ಲಲ್ಲ, ಪಂದ್ಯಾವಳಿಯ ಲೆಕ್ಕದಲ್ಲಿ. ಬೆಂಗಳೂರು ಎಫ್‌ಸಿ ಒಂದೇ ವರ್ಷದಲ್ಲಿ ಇಂಡಿಯನ್ ಸೂಪರ್ ಲೀಗ್ (ಐಎಸ್‌ಎಲ್) ಆಡುತ್ತದೆ, ಕೆಲವು ವರ್ಷ ಡುರಾಂಡ್ ಕಪ್ ಆಡುತ್ತದೆ, ಸೂಪರ್ ಕಪ್ ಆಡುತ್ತದೆ, ಅರ್ಹತೆ ಗಳಿಸಿದ ವರ್ಷ ಏಷ್ಯಾ ಮಟ್ಟದ ಕ್ಲಬ್ ಪಂದ್ಯಾವಳಿಯನ್ನೂ ಆಡುತ್ತದೆ. ಇವುಗಳನ್ನು ನಡೆಸುವವರು ಬೇರೆ ಬೇರೆ, ಹಕ್ಕು ಕೊಂಡವರೂ ಬೇರೆಯಾಗಿರಬಹುದು. ನಿಮ್ಮ ಮನೆಯಲ್ಲಿ ಒಂದು ಪಂದ್ಯ ಬಂದು ಇನ್ನೊಂದು ಬಾರದಿರುವುದಕ್ಕೆ ಬಹುಮಟ್ಟಿಗೆ ಇದೇ ಕಾರಣ. ಡಿಟಿಎಚ್ ಪೆಟ್ಟಿಗೆಯನ್ನೋ ಛತ್ರಿಯನ್ನೋ ಶಂಕಿಸುವ ಮೊದಲು ಆ ದಿನದ ಪಂದ್ಯ ಯಾವ ಪಂದ್ಯಾವಳಿಗೆ ಸೇರಿದ್ದು ಎಂಬುದನ್ನು ನೋಡಿಕೊಳ್ಳಿ.

ಒಂದೇ ಪಂದ್ಯಾವಳಿಯ ಹಕ್ಕು ಕೂಡ ಒಬ್ಬರ ಕೈಯಲ್ಲೇ ನಿಲ್ಲುವುದಿಲ್ಲ. ಐಎಸ್‌ಎಲ್ 2014ರಲ್ಲಿ ಆರಂಭವಾದಾಗಿನಿಂದ ಬಹುಕಾಲ ಸ್ಟಾರ್ ಸ್ಪೋರ್ಟ್ಸ್ ಮತ್ತು ಹಾಟ್‌ಸ್ಟಾರ್‌ನಲ್ಲಿತ್ತು. ಬೆಂಗಳೂರು ಎಫ್‌ಸಿ ಐ-ಲೀಗ್ ಬಿಟ್ಟು ಐಎಸ್‌ಎಲ್‌ಗೆ ಬಂದ 2017-18ರಲ್ಲಿ ಸುವರ್ಣ ಪ್ಲಸ್ ಚಾನೆಲ್‌ನಲ್ಲಿ ಕನ್ನಡದ ವೀಕ್ಷಕ ವಿವರಣೆಯೂ ಬಂತು. 2023-24ರಲ್ಲಿ ಲೀಗ್‌ನ ಪ್ರಸಾರ ಸ್ಪೋರ್ಟ್ಸ್18 ಮತ್ತು ಜಿಯೋ ಸಿನೆಮಾಕ್ಕೆ ಹೋಯಿತು. 2025ರ ಫೆಬ್ರವರಿಯಲ್ಲಿ, ಅಂದರೆ ಆವೃತ್ತಿ ಇನ್ನೂ ನಡೆಯುತ್ತಿರುವಾಗಲೇ, ಜಿಯೋ ಸಿನೆಮಾ ಮತ್ತು ಹಾಟ್‌ಸ್ಟಾರ್ ಒಂದಾಗಿ ಜಿಯೋಹಾಟ್‌ಸ್ಟಾರ್ ಆದುದರಿಂದ ಅಲ್ಲಿಯವರೆಗೆ ಒಂದು ಆ್ಯಪ್ ತೆರೆದು ನೋಡುತ್ತಿದ್ದವರು ಇನ್ನೊಂದನ್ನು ಹುಡುಕಬೇಕಾಯಿತು. ಆಮೇಲಿನದು ಇನ್ನೂ ದೊಡ್ಡ ಗೊಂದಲ. ಅಖಿಲ ಭಾರತ ಫುಟ್‌ಬಾಲ್ ಫೆಡರೇಷನ್ 2010ರಲ್ಲಿ ತನ್ನ ವಾಣಿಜ್ಯ ಹಕ್ಕುಗಳನ್ನು 15 ವರ್ಷಗಳ ಮಟ್ಟಿಗೆ ವಹಿಸಿಕೊಟ್ಟಿದ್ದ ಒಪ್ಪಂದ 2025ರ ಡಿಸೆಂಬರಿಗೆ ಮುಗಿಯುವುದಿತ್ತು. ಮುಂದೇನು ಎಂಬುದು ಇತ್ಯರ್ಥವಾಗದೆ 2025-26ರ ಆವೃತ್ತಿ ವಾಡಿಕೆಯಂತೆ ಸೆಪ್ಟೆಂಬರಿನಲ್ಲಿ ಆರಂಭವಾಗಲೇ ಇಲ್ಲ. ಹೀಗಿರುವಾಗ ಇಂಥ ಚಾನೆಲ್ ಎಂದು ನಾನು ಇಲ್ಲಿ ಬರೆದುಕೊಟ್ಟರೆ ಅದು ಕೆಲವೇ ತಿಂಗಳಲ್ಲಿ ಹಳತಾಗುವ ಸಂಭವವಿದೆ. ಬದಲಾಗದೆ ಉಳಿಯುವ ದಾರಿ ಒಂದೇ: ಕ್ಲಬ್ಬಿನ ಅಧಿಕೃತ ಜಾಲತಾಣದಲ್ಲೋ ಅದರ ಸಾಮಾಜಿಕ ಖಾತೆಗಳಲ್ಲೋ ಪಂದ್ಯಕ್ಕೆ ಒಂದೆರಡು ದಿನ ಮೊದಲು ಬರುವ ಪ್ರಕಟಣೆಯಲ್ಲಿ ಸಮಯದ ಜೊತೆಗೇ ಚಾನೆಲ್ ಮತ್ತು ಆ್ಯಪ್‌ನ ಹೆಸರೂ ಇರುತ್ತದೆ. ಅದನ್ನು ನೋಡಿಕೊಂಡು ರೀಚಾರ್ಜ್ ಮಾಡಿ; ವರ್ಷದ ಚಂದಾವನ್ನು ಆವೃತ್ತಿಯ ಆರಂಭದಲ್ಲೇ ಕಟ್ಟಿಬಿಡುವ ಆತುರ ಬೇಡ.

ರೀಚಾರ್ಜಿನ ವಿಷಯದಲ್ಲಿ ಬಹಳ ಮಂದಿ ಉಪಯೋಗಿಸದೆ ಬಿಡುವ ಒಂದು ಅನುಕೂಲವಿದೆ. 2019ರಿಂದ ಜಾರಿಯಲ್ಲಿರುವ ದೂರಸಂಪರ್ಕ ನಿಯಂತ್ರಣ ಪ್ರಾಧಿಕಾರದ (ಟ್ರಾಯ್) ನಿಯಮದಂತೆ ಕೇಬಲ್ ಆಗಲಿ ಡಿಟಿಎಚ್ ಆಗಲಿ, ಚಾನೆಲ್‌ಗಳನ್ನು ಬಿಡಿಬಿಡಿಯಾಗಿ ಕೊಡಲೇಬೇಕು. ಕ್ರೀಡೆಯ ಇಡೀ ಪ್ಯಾಕ್ ಹಾಕಿಸಿಕೊಳ್ಳಿ ಎಂದು ಏಜೆಂಟರು ಒತ್ತಾಯಿಸಿದರೆ ನಿಮಗೆ ಬೇಕಾದ ಒಂದೇ ಚಾನೆಲ್ಲನ್ನು ಹೆಸರು ಹಿಡಿದು ಕೇಳಿ, ಪಂದ್ಯಾವಳಿ ಮುಗಿದ ತಿಂಗಳು ತೆಗೆಸಿಬಿಡಿ. ಡಿಟಿಎಚ್ ಕಂಪನಿಯ ಆ್ಯಪ್‌ನಲ್ಲಿ ಇದನ್ನು ನೀವೇ ಮಾಡಿಕೊಳ್ಳಬಹುದು; ಪ್ರತಿ ಚಾನೆಲ್ಲಿನ ತಿಂಗಳ ಬೆಲೆ ಅಲ್ಲಿಯೇ ಕಾಣುತ್ತದೆ. ಎಚ್‌ಡಿ ಬೇಕೇ ಎಂದರೆ, ನಿಮ್ಮ ಮನೆಯ ಸಂದರ್ಭದಲ್ಲಿ ಬೇಕು ಎನ್ನುತ್ತೇನೆ. ಚೆಂಡಿನ ಅಂಚು ಹುಲ್ಲಿನ ಹಸಿರಿನಿಂದ ಬೇರೆಯಾಗಿ ಕಾಣುವುದು ದೃಷ್ಟಿ ಕುಗ್ಗಿದವರಿಗೆ ಉಳಿದವರಿಗಿಂತ ಹೆಚ್ಚು ಮುಖ್ಯ.

ಗ್ಲಾಕೋಮಾ ಇರುವವರ ವಿಷಯದಲ್ಲಿ ಮನೆಯವರು ಸಾಮಾನ್ಯವಾಗಿ ಮಾಡುವುದೆಂದರೆ ದೊಡ್ಡ ಟಿವಿ ತಂದು ಹತ್ತಿರ ಕೂರಿಸುವುದು. ಇದು ಎಷ್ಟೋ ಸಲ ತಿರುಗುಬಾಣವಾಗುತ್ತದೆ. ಗ್ಲಾಕೋಮಾ ಮೊದಲು ಕಸಿದುಕೊಳ್ಳುವುದು ಅಂಚಿನ ನೋಟವನ್ನು. ನಡುವಿನ ನೋಟ ಸಾಮಾನ್ಯವಾಗಿ ಬಹುಕಾಲ ಉಳಿಯುತ್ತದೆ. ಅಂಥವರು ದೊಡ್ಡ ಪರದೆಯ ಹತ್ತಿರ ಕೂತರೆ ಚೆಂಡು ಅವರ ಕಿರಿದಾದ ನೋಟದಿಂದ ಪದೇ ಪದೇ ಹೊರಗೆ ಹೋಗುತ್ತದೆ, ಅದನ್ನು ಹುಡುಕುವುದರಲ್ಲೇ ಆಟ ಮುಗಿಯುತ್ತದೆ. ಕುರ್ಚಿಯನ್ನು ಹಿಂದಕ್ಕೆ ಸರಿಸಿ, ಇಡೀ ಪರದೆ ಉಳಿದಿರುವ ನೋಟದೊಳಗೆ ಹಿಡಿಯುವ ದೂರ ಯಾವುದೆಂದು ತಂದೆಯವರನ್ನೇ ಕೇಳಿ ನಿರ್ಧರಿಸಿ. ಕೋಣೆಯ ಬೆಳಕು ಪರದೆಯ ಮೇಲೆ ಹೊಳೆಯದಂತೆ ನೋಡಿಕೊಳ್ಳಿ. ಮುಂದಿನ ಸಲ ಕಣ್ಣಿನ ವೈದ್ಯರ ಬಳಿಗೆ ಹೋದಾಗ ಟಿವಿಯ ದೂರದ ಬಗ್ಗೆಯೇ ನೇರವಾಗಿ ಕೇಳಿ. ಅವರ ಬಳಿ ನೋಟದ ಹರವಿನ ನಕ್ಷೆ ಇರುತ್ತದೆ, ಅದನ್ನು ನೋಡಿ ಅವರು ಹೇಳುವುದು ನನ್ನ ಊಹೆಗಿಂತ ಖಚಿತ.

ನೆರೆಮನೆಯವರು ಮೊದಲೇ ಕೂಗುವ ಪ್ರಶ್ನೆಗೆ ಬರೋಣ. ಉಪಗ್ರಹದ ಮೂಲಕ ಬರುವ ಚಿತ್ರ 36,000 ಕಿ.ಮೀ. ಮೇಲೆ ಹೋಗಿ ಇಳಿದು ಬಂದರೂ ಆ ಪಯಣಕ್ಕೆ ತಗಲುವುದು ಸೆಕೆಂಡಿನ ಕಾಲು ಭಾಗ ಮಾತ್ರ. ಅದನ್ನು ಸಂಕೇತಕ್ಕಿಳಿಸಿ ಬಿಡಿಸುವುದಕ್ಕೆ ಇನ್ನು ಕೆಲವು ಸೆಕೆಂಡುಗಳು. ಆ್ಯಪ್‌ನ ರೀತಿ ಬೇರೆ. ಅದು ಚಿತ್ರವನ್ನು ಕೆಲವೇ ಸೆಕೆಂಡುಗಳ ತುಂಡುಗಳಾಗಿ ಕತ್ತರಿಸಿ ಕಳುಹಿಸುತ್ತದೆ, ಮೊಬೈಲ್ ಅಂಥ ಹಲವು ತುಂಡುಗಳನ್ನು ಕೂಡಿಟ್ಟುಕೊಂಡ ಮೇಲೆಯೇ ಮೊದಲನೆಯದನ್ನು ತೋರಿಸುತ್ತದೆ. ನಡುವೆ ಸಿಗ್ನಲ್ ಹೋದರೂ ಆಟ ನಿಲ್ಲಬಾರದೆಂಬುದು ಅದರ ಉದ್ದೇಶ, ಆದರೆ ಅದಕ್ಕೆ ತೆರುವ ಬೆಲೆ ಅರ್ಧ ನಿಮಿಷದ ಆಸುಪಾಸಿನ ತಡ. ನೆಟ್‌ವರ್ಕ್ ಸೋತು ಚಕ್ರ ಒಮ್ಮೆ ಸುತ್ತಿತೆಂದರೆ ಆ ತಡ ಇನ್ನಷ್ಟು ಬೆಳೆಯುತ್ತದೆ, ಮತ್ತೆ ತಾನಾಗಿ ಕಡಿಮೆಯಾಗುವುದಿಲ್ಲ. ಪರದೆಯ ಮೇಲೆ ಲೈವ್ ಎಂಬ ಗುಂಡಿ ಇದ್ದರೆ ಅದನ್ನು ಒತ್ತಬೇಕು, ಇಲ್ಲವಾದರೆ ಪಂದ್ಯವನ್ನು ಮುಚ್ಚಿ ಮತ್ತೆ ತೆರೆಯಬೇಕು. ಗೋಲಿನ ಸುದ್ದಿ ಕೊಡುವ ಇತರ ಆ್ಯಪ್‌ಗಳ ನೋಟಿಫಿಕೇಷನ್ನನ್ನು ಆ ಎರಡು ಗಂಟೆ ಬಂದ್ ಮಾಡಿಡಿ. ಪಕ್ಕದ ಮನೆಯಲ್ಲಿ ಡಿಟಿಎಚ್, ನಿಮ್ಮಲ್ಲಿ ಮೊಬೈಲ್ ಇರುವವರೆಗೆ ಅವರೇ ಮೊದಲು ಕೂಗುವವರು. ಅದಕ್ಕೆ ಪರಿಹಾರ ನಿಮ್ಮ ಡಿಟಿಎಚ್‌ನಲ್ಲೇ ಚಾನೆಲ್ ಹಾಕಿಸಿಕೊಳ್ಳುವುದು, ಇಲ್ಲವೇ ಅವರ ಮನೆಯಲ್ಲೇ ಹೋಗಿ ಕೂರುವುದು.

ಡಿಟಿಎಚ್‌ಗೂ ನಮ್ಮ ಕರಾವಳಿಯಲ್ಲಿ ಒಂದು ಶತ್ರುವಿದೆ. ಮನೆಯ ಸಣ್ಣ ಛತ್ರಿಗೆ ಬರುವ ತರಂಗಗಳು ಜೋರು ಮಳೆಯಲ್ಲಿ ಸೊರಗುತ್ತವೆ. ಐಎಸ್‌ಎಲ್ ಹೆಚ್ಚಾಗಿ ಮಳೆಗಾಲ ಕಳೆದ ಮೇಲೆ ನಡೆಯುವುದರಿಂದ ತೊಂದರೆ ಕಡಿಮೆ. ಈಚಿನ ವರ್ಷಗಳಲ್ಲಿ ಜುಲೈ-ಆಗಸ್ಟಿನಲ್ಲಿ ನಡೆಯುತ್ತಿರುವ ಡುರಾಂಡ್ ಕಪ್ ಮಾತ್ರ ನಮ್ಮ ಆಷಾಢ-ಶ್ರಾವಣದ ಮಳೆಗೆ ಸರಿಯಾಗಿ ಸಿಕ್ಕಿಹಾಕಿಕೊಳ್ಳುತ್ತದೆ. ಆ ಎರಡು ತಿಂಗಳಿಗೆ ಫೈಬರ್ ಸಂಪರ್ಕವೇ ಹೆಚ್ಚು ನಂಬಿಕಸ್ತ. ಶಿರಸಿ, ಸಿದ್ದಾಪುರ, ಯಲ್ಲಾಪುರದ ಒಳಭಾಗದ ತೋಟದ ಮನೆಗಳವರಿಗೆ ಈ ಮಾತು ಇನ್ನೂ ಹೆಚ್ಚು ಅನ್ವಯಿಸುತ್ತದೆ. ಅಲ್ಲಿ ಮೊಬೈಲ್ ಸಿಗ್ನಲ್ಲಿಗಾಗಿ ಗುಡ್ಡ ಹತ್ತಬೇಕಾದ ಊರುಗಳಲ್ಲೂ ಬಿಎಸ್‌ಎನ್‌ಎಲ್ ಫೈಬರ್ ಬಂದ ಮೇಲೆ ಮನೆಯೊಳಗೇ ಪಂದ್ಯ ನೋಡುವವರಿದ್ದಾರೆ. ಕರೆಂಟ್ ಹೋದಾಗ ಫೈಬರ್ ಪೆಟ್ಟಿಗೆಯೂ ಆರಿಹೋಗುವುದರಿಂದ ಅದಕ್ಕೊಂದು ಸಣ್ಣ ಬ್ಯಾಟರಿ ಇಟ್ಟುಕೊಳ್ಳುವುದು ಲೇಸು.

ದೂರದರ್ಶನದಲ್ಲಿ ಉಚಿತವಾಗಿ ಬರುವುದಿಲ್ಲವೇ ಎಂದು ಇನ್ನೂ ಕೆಲವರು ಕೇಳುತ್ತಾರೆ. 2007ರ ಕಾಯಿದೆಯೊಂದರ ಪ್ರಕಾರ ರಾಷ್ಟ್ರೀಯ ಮಹತ್ವದ್ದೆಂದು ಸರ್ಕಾರ ಅಧಿಸೂಚಿಸಿದ ಪಂದ್ಯಗಳ ಪ್ರಸಾರವನ್ನು ಖಾಸಗಿ ಚಾನೆಲ್‌ನವರು ಪ್ರಸಾರ ಭಾರತಿಯೊಂದಿಗೆ ಹಂಚಿಕೊಳ್ಳಬೇಕು. ವಿಶ್ವಕಪ್ ಫೈನಲ್‌ನಂಥ ಪಂದ್ಯ ಈ ಪಟ್ಟಿಯಲ್ಲಿದೆ; ಕ್ಲಬ್ಬುಗಳ ಲೀಗ್ ಪಂದ್ಯ ಇಲ್ಲ. ಹಂಚಿಕೊಂಡ ಪಂದ್ಯವನ್ನು ದೂರದರ್ಶನ ತನ್ನದೇ ಆದ ಭೂ ಪ್ರಸಾರ ಮತ್ತು ಡಿಡಿ ಫ್ರೀ ಡಿಶ್‌ನಲ್ಲಿ ಮಾತ್ರ ತೋರಿಸಬೇಕು, ಖಾಸಗಿ ಕೇಬಲ್ ಮತ್ತು ಡಿಟಿಎಚ್ ಮೂಲಕ ಕೊಡಬಾರದು ಎಂದು 2017ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ದುಡ್ಡು ಕಟ್ಟುವ ಮನೆಯಲ್ಲಿ ಡಿಡಿ ಸ್ಪೋರ್ಟ್ಸ್ ಬೇರೇನೋ ತೋರಿಸುತ್ತಿರುವಾಗ ದುಡ್ಡು ಕಟ್ಟದ ಫ್ರೀ ಡಿಶ್ ಮನೆಯಲ್ಲಿ ಪಂದ್ಯ ಬರುವ ವಿಚಿತ್ರಕ್ಕೆ ಇದೇ ಕಾರಣ. ನಿಮ್ಮ ಕ್ಲಬ್ಬಿನ ಮಟ್ಟಿಗೆ ಇದರಿಂದ ಪ್ರಯೋಜನವಿಲ್ಲ.

ಟೆಲಿಗ್ರಾಂನಲ್ಲಿ ಹರಿದಾಡುವ ಕೊಂಡಿಗಳು, ಎಪಿಕೆ ಕಡತವಾಗಿ ಬರುವ ಉಚಿತ ಆ್ಯಪ್‌ಗಳು ಬೇಡವೇ ಬೇಡ. ಕಾನೂನಿನ ಮಾತು ಹಾಗಿರಲಿ, ತಂದೆಯವರ ಪಿಂಚಣಿ ಬರುವ ಬ್ಯಾಂಕ್ ಖಾತೆಗೆ ಜೋಡಿಸಿರುವ ಮೊಬೈಲಿನಲ್ಲಿ ಗುರುತು ಪರಿಚಯವಿಲ್ಲದ ಆ್ಯಪ್ ಹಾಕಿಕೊಳ್ಳುವುದು ಕಳ್ಳನ ಕೈಗೆ ಬೀಗದ ಕೈ ಕೊಟ್ಟಂತೆ.

ಈಗ ನಿಮ್ಮ ಪ್ರಶ್ನೆಯ ತಿರುಳು, ಅಂದರೆ ಕೇಳುವುದು. ಕಾರವಾರ ಆಕಾಶವಾಣಿಯಲ್ಲಾಗಲಿ ನಮ್ಮ ಜಿಲ್ಲೆಯವರು ತಲೆಮಾರುಗಳಿಂದ ಕೇಳುತ್ತ ಬಂದ ಧಾರವಾಡ ಕೇಂದ್ರದಲ್ಲಾಗಲಿ, ಕ್ರಿಕೆಟ್ಟಿಗೆ ಇರುವಂಥ ನಿಯತವಾದ ವೀಕ್ಷಕ ವಿವರಣೆ ಕ್ಲಬ್ ಫುಟ್‌ಬಾಲಿಗೆ ಇಲ್ಲ. ಹಾಗಾಗಿ ರೇಡಿಯೋ ತಿರುವಿ ನಿರಾಶರಾಗಬೇಡಿ. ಉಳಿಯುವುದು ಟಿವಿಯ ಅಥವಾ ಆ್ಯಪ್‌ನ ಧ್ವನಿ. ಅದನ್ನು ಕೇಳಿಸುವ ಮೊದಲು ಸೆಟ್‌ಟಾಪ್ ಪೆಟ್ಟಿಗೆಯ ರಿಮೋಟಿನಲ್ಲಿ ಭಾಷೆ ಬದಲಿಸುವ ಗುಂಡಿಯನ್ನು ಒತ್ತಿ ನೋಡಿ. ಒಂದೇ ಚಾನೆಲ್‌ನಲ್ಲಿ ಒಂದಕ್ಕಿಂತ ಹೆಚ್ಚು ಭಾಷೆಯ ವಿವರಣೆ ಇರುವುದುಂಟು. ಕನ್ನಡದ್ದಿದ್ದರೆ ಅದು. ಇಲ್ಲವಾದರೆ, ಕೇಳಿ ನಗಬೇಡಿ, ಮಲಯಾಳಂ ಕೂಡ ಆಗುತ್ತದೆ. ಶೈಜು ದಾಮೋದರನ್ ಅವರಂಥ ವಿವರಣಕಾರರ ದನಿ ಚೆಂಡಿನ ಜೊತೆಗೇ ಏರುವುದರಿಂದ ಮಾತು ತಿಳಿಯದವರಿಗೂ ಅಪಾಯ ಎಷ್ಟು ಹತ್ತಿರ ಬಂದಿದೆ ಎಂಬುದು ತಿಳಿಯುತ್ತದೆ. ಮೊಬೈಲಿನಲ್ಲಿ ಧ್ವನಿಯಷ್ಟೇ ಸಾಕೆಂದಾಗ ಚಿತ್ರದ ಗುಣಮಟ್ಟವನ್ನು ಅತ್ಯಂತ ಕೆಳಕ್ಕೆ ಇಳಿಸಿಬಿಡಿ. ಡೇಟಾ ಉಳಿಯುತ್ತದೆ, ತಡೆಯಿಲ್ಲದೆ ಬರುತ್ತದೆ.

ಆದರೂ ಟಿವಿಯ ವಿವರಣೆ ನೋಡುವವರಿಗಾಗಿ ಮಾಡಿದ್ದು. ಅಂಕ ಪರದೆಯ ಮೂಲೆಯಲ್ಲಿರುವುದರಿಂದ ಅವರು ಅದನ್ನು ಹೇಳುವುದೇ ಅಪರೂಪ. ಚೆಂಡು ಎಲ್ಲಿದೆ ಎಂಬುದು ಕಾಣುತ್ತಿರುವುದರಿಂದ ಆಟಗಾರನ ಹೆಸರು ಹೇಳಿ ಸುಮ್ಮನಾಗುತ್ತಾರೆ. ಆಟ ನಿಧಾನವಾದಾಗ ಹಳೆಯ ಆವೃತ್ತಿಗಳ ಮಾತಿಗೆ ಇಳಿಯುತ್ತಾರೆ. ಎಲ್ಲಕ್ಕಿಂತ ದೊಡ್ಡ ತೊಡಕೆಂದರೆ ರಿಪ್ಲೇ: ಕಣ್ಣಿಲ್ಲದೆ ಕೇಳುವವರಿಗೆ ಅದೇ ಹೊಡೆತ ಮತ್ತೊಮ್ಮೆ ನಡೆದಂತೆ ಅನಿಸುತ್ತದೆ. 2023ರ ಮಾರ್ಚ್ 3ರ ರಾತ್ರಿ ಕಂಠೀರವ ಕ್ರೀಡಾಂಗಣದಲ್ಲಿ ನಡೆದುದನ್ನು ನೆನಪಿಸಿಕೊಳ್ಳಿ. ಕೇರಳ ಬ್ಲಾಸ್ಟರ್ಸ್ ವಿರುದ್ಧದ ಪ್ಲೇ-ಆಫ್ ಪಂದ್ಯ ಗೋಲಿಲ್ಲದೆ ಹೆಚ್ಚುವರಿ ಸಮಯಕ್ಕೆ ಹೋಗಿತ್ತು. ಬಾಕ್ಸಿನ ಹೊರಗೆ ಬೆಂಗಳೂರಿಗೆ ಫ್ರೀ ಕಿಕ್ ಸಿಕ್ಕಿತು. ಬ್ಲಾಸ್ಟರ್ಸ್‌ನವರು ಗೋಡೆ ಕಟ್ಟುತ್ತಿರುವಾಗಲೇ ಸುನಿಲ್ ಚೆಟ್ರಿ ಚೆಂಡನ್ನು ಗೋಲಿನೊಳಗೆ ಕಳುಹಿಸಿಬಿಟ್ಟರು. ನಾವು ಸಿದ್ಧರಿರಲಿಲ್ಲ ಎಂದು ಎದುರಾಳಿಗಳು ವಾದಿಸಿದರು, ಅವರ ಕೋಚ್ ತಂಡವನ್ನೇ ಮೈದಾನದಿಂದ ಹೊರಗೆ ಕರೆದುಕೊಂಡು ಹೋದರು, ಪಂದ್ಯ ಅಲ್ಲಿಗೇ ನಿಂತು ಬೆಂಗಳೂರಿಗೆ ಗೆಲುವು ಸಿಕ್ಕಿತು. ಇದನ್ನು ನೋಡಿದವರಿಗೇ ಏನಾಯಿತೆಂದು ತಿಳಿಯಲು ಹೊತ್ತು ಹಿಡಿಯಿತು. ಟಿವಿಯ ಧ್ವನಿ ಮಾತ್ರ ಕೇಳುತ್ತಿದ್ದವರ ಪಾಡೇನು? ಗದ್ದಲ, ಕೂಗು, ಮತ್ತೆ ಮತ್ತೆ ಚೆಟ್ರಿಯ ಹೆಸರು, ಆಮೇಲೆ ನಿಮಿಷಗಟ್ಟಲೆ ಆಟವೇ ಇಲ್ಲದ ಮಾತು.

ಈ ಕೊರತೆಯನ್ನು ತುಂಬುವ ಉಪಾಯ ಸುಮಾರು ನೂರು ವರ್ಷ ಹಳೆಯದು. ಬಿಬಿಸಿ ತನ್ನ ಮೊದಲ ಫುಟ್‌ಬಾಲ್ ವಿವರಣೆಯನ್ನು ಬಿತ್ತರಿಸಿದ್ದು 1927ರ ಜನವರಿ 22ರಂದು, ಲಂಡನ್ನಿನಲ್ಲಿ ಆರ್ಸೆನಲ್ ಮತ್ತು ಶೆಫೀಲ್ಡ್ ಯುನೈಟೆಡ್ ಆಡಿದ ಪಂದ್ಯದಲ್ಲಿ. ಕೇಳುಗರಿಗಾಗಿ ಪತ್ರಿಕೆಯಲ್ಲಿ ಮೈದಾನದ ಚಿತ್ರವೊಂದನ್ನು ಎಂಟು ಚೌಕಗಳಾಗಿ ಭಾಗಿಸಿ, ಸಂಖ್ಯೆ ಕೊಟ್ಟು ಅಚ್ಚು ಹಾಕಿದ್ದರು. ವಿವರಣಕಾರ ಟೆಡ್ಡಿ ವೇಕ್ಲಂ ಆಟವನ್ನು ಹೇಳುತ್ತಿದ್ದರೆ ಪಕ್ಕದಲ್ಲಿ ಕೂತ ಇನ್ನೊಬ್ಬರು ಚೆಂಡು ಇರುವ ಚೌಕದ ಸಂಖ್ಯೆಯನ್ನು ಕೂಗುತ್ತಿದ್ದರು. ಅದಕ್ಕೆ ಒಂದು ವಾರ ಮೊದಲು ನಡೆದ ರಗ್ಬಿ ಪಂದ್ಯದಲ್ಲಿ ಇದೇ ವೇಕ್ಲಂ ಅವರ ಎದುರು ಕಣ್ಣು ಕಾಣದ ಒಬ್ಬರನ್ನು ಕೂರಿಸಿ, ಅವರಿಗೆ ಹೇಳುವಂತೆ ಹೇಳಿ ಎಂದಿದ್ದರಂತೆ. ರೇಡಿಯೋದ ಕ್ರೀಡಾ ವಿವರಣೆ ರೂಪುಗೊಂಡದ್ದೇ ನಿಮ್ಮ ತಂದೆಯಂಥ ಕೇಳುಗರನ್ನು ಮುಂದಿಟ್ಟುಕೊಂಡು. ಈ ಕ್ರಮ ಈಗಲೂ ಜೀವಂತವಾಗಿದೆ. 2014, 2018ರ ವಿಶ್ವಕಪ್‌ಗಳಲ್ಲಿ ದೃಷ್ಟಿ ಇಲ್ಲದ ಪ್ರೇಕ್ಷಕರಿಗೆಂದೇ ಬೇರೆ ವಿವರಣೆಯ ಏರ್ಪಾಡು ಇತ್ತು.

ನಿಮ್ಮ ಮನೆಯಲ್ಲಿ ಇದನ್ನು ಹೀಗೆ ಮಾಡಬಹುದು. ಅಂತರರಾಷ್ಟ್ರೀಯ ಅಳತೆಯ ಮೈದಾನ 105 ಮೀಟರ್ ಉದ್ದ, 68 ಮೀಟರ್ ಅಗಲ. ಇದನ್ನು 250 ಪಾಲು ಕುಗ್ಗಿಸಿದರೆ 42 ಸೆಂ.ಮೀ. ಉದ್ದ, 27 ಸೆಂ.ಮೀ. ಅಗಲದ ರಟ್ಟು ಸಾಕಾಗುತ್ತದೆ. ತೊಡೆಯ ಮೇಲೆ ಇಟ್ಟುಕೊಳ್ಳಲು ಹದವಾದ ಗಾತ್ರ. ಗೆರೆಗಳ ಮೇಲೆ ಬಲೆಯ ದಾರವನ್ನು ಅಂಟಿಸಿ. ಮೀನುಗಾರಿಕೆಯ ಊರಾದ ಬೈತಖೋಲದವರಿಗೆ ಅದಕ್ಕೇನು ಬರ! ಎರಡೂ ತುದಿಯ ಪೆನಾಲ್ಟಿ ಬಾಕ್ಸ್ ಆರೂವರೆ ಸೆಂ.ಮೀ. ಆಳ, 16 ಸೆಂ.ಮೀ. ಅಗಲ ಬರುತ್ತದೆ, ನಡುವಿನ ವೃತ್ತದ ತ್ರಿಜ್ಯ ಮೂರೂಮುಕ್ಕಾಲು ಸೆಂ.ಮೀ.ಗೆ ಸ್ವಲ್ಪ ಕಡಿಮೆ. ಹೊರಗೆರೆಗೆ ದಪ್ಪ ದಾರ, ಚೌಕಗಳ ಗೆರೆಗೆ ಸಣ್ಣ ದಾರ ಹಾಕಿದರೆ ಬೆರಳಿಗೆ ವ್ಯತ್ಯಾಸ ತಿಳಿಯುತ್ತದೆ. ಉದ್ದಕ್ಕೆ ನಾಲ್ಕು, ಅಗಲಕ್ಕೆ ಎರಡು, ಒಟ್ಟು ಎಂಟು ಚೌಕ. ಟಿವಿಯ ಮುಖ್ಯ ಕ್ಯಾಮೆರಾ ಪಂದ್ಯವಿಡೀ ಒಂದೇ ಬದಿಯಿಂದ ನೋಡುವುದರಿಂದ, ಪರದೆಯ ಕೆಳಗಿನ ಗೆರೆಯನ್ನು ಸಮುದ್ರದ ಬದಿ ಎಂದೂ ಮೇಲಿನ ಗೆರೆಯನ್ನು ಗುಡ್ಡದ ಬದಿ ಎಂದೂ ಕರೆದುಕೊಂಡರೆ ಕಾರವಾರದವರಿಗೆ ಎಡ-ಬಲಕ್ಕಿಂತ ಬೇಗ ಹೊಂದುತ್ತದೆ. ಸಮುದ್ರದ ಬದಿಯ ನಾಲ್ಕು ಚೌಕಗಳಿಗೆ ಎಡದಿಂದ 1ರಿಂದ 4, ಗುಡ್ಡದ ಬದಿಯವಕ್ಕೆ 5ರಿಂದ 8. ತಂದೆಯವರ ಬೆರಳು ರಟ್ಟಿನ ಮೇಲಿರಲಿ, ಟಿವಿಯ ಧ್ವನಿ ಸಣ್ಣದಾಗಿ ಇರಲಿ, ನೀವು ಪಕ್ಕದಲ್ಲಿ ಕೂತು ಹೇಳಿ.

ಹೇಳುವ ಕ್ರಮಕ್ಕೂ ಒಂದು ಶಿಸ್ತು ಬೇಕು. ಮೊದಲು ಚೌಕ, ಆಮೇಲೆ ಆಟಗಾರ, ಕೊನೆಗೆ ಅವನು ಮಾಡಿದ್ದು: "ಆರು, ಚೆಟ್ರಿ, ಎಂಟಕ್ಕೆ ಉದ್ದ ಪಾಸ್." ಹೊಡೆತ ಗುರಿ ತಪ್ಪಿದರೆ ಮೇಲಕ್ಕೋ ಪಕ್ಕಕ್ಕೋ, ಎಷ್ಟು ಅಂತರದಲ್ಲಿ ಎಂಬುದನ್ನು ಹೇಳಿ, "ಅಯ್ಯೋ" ಎಂದರೆ ಅವರಿಗೆ ಏನೂ ತಿಳಿಯುವುದಿಲ್ಲ. ರಿಪ್ಲೇ ಬಂದ ಕೂಡಲೇ "ಹಿಂದಿನದು" ಎಂದು ಒಂದೇ ಮಾತಿನಲ್ಲಿ ತಿಳಿಸಿ. ಅಂಕ ಮತ್ತು ಸಮಯವನ್ನು ಚೆಂಡು ಹೊರಗೆ ಹೋದಾಗಲೆಲ್ಲ ಹೇಳುತ್ತಿರಿ. ಎರಡನೇ ಅವಧಿಯಲ್ಲಿ ತಂಡಗಳು ತುದಿ ಬದಲಿಸುತ್ತವೆ. ಬೆಂಗಳೂರು ಈಗ ಯಾವ ಕಡೆಗೆ ದಾಳಿ ಮಾಡುತ್ತದೆ ಎಂದು ಆರಂಭದಲ್ಲೇ ಅವರ ಬೆರಳನ್ನು ಆ ಗೋಲಿನ ಮೇಲಿಟ್ಟು ತೋರಿಸಿ. ಸುಮ್ಮನಿರುವುದೂ ಇದರ ಭಾಗವೇ. ಚೆಂಡು ಹಿಂದೆ ಮುಂದೆ ಓಡಾಡುತ್ತ ಏನೂ ಆಗದಿರುವಾಗ ಬಿಡದೆ ಮಾತಾಡಿದರೆ ಅರ್ಧ ಗಂಟೆಯಲ್ಲಿ ನಿಮಗೂ ಸಾಕಾಗುತ್ತದೆ, ಅವರಿಗೂ. ಮೊದಲ ಪಂದ್ಯದಲ್ಲಿ ನೀವು ಹಿಂದೆ ಬೀಳುತ್ತೀರಿ. ಎಲ್ಲ ಪಾಸ್‌ಗಳನ್ನೂ ಹೇಳಲು ಹೋಗದೆ ಚೌಕ ಬದಲಾದಾಗ ಮಾತ್ರ ಹೇಳುವುದನ್ನು ರೂಢಿಸಿಕೊಂಡರೆ ಸರಿಹೋಗುತ್ತದೆ. ಮನೆಯಲ್ಲಿ ಆಟ ಬಲ್ಲ ಹುಡುಗನೊಬ್ಬನಿದ್ದರೆ ಅವಧಿಗೆ ಒಬ್ಬರಂತೆ ಹಂಚಿಕೊಳ್ಳಿ.

ವಿದೇಶದ ಕ್ಲಬ್ಬುಗಳ ಬಗ್ಗೆ ತಂದೆಯವರಿಗೆ ಒಲವಿದ್ದರೆ ಕೇಳುವ ಅನುಕೂಲ ಅಲ್ಲಿ ಹೆಚ್ಚು. ಆರ್ಸೆನಲ್‌ನಂಥ ಕೆಲವು ಕ್ಲಬ್ಬುಗಳು ತಮ್ಮದೇ ಆ್ಯಪ್‌ನಲ್ಲಿ ಇಡೀ ಪಂದ್ಯದ ಧ್ವನಿ ವಿವರಣೆ ಕೊಡುತ್ತವೆ. ಅದು ರೇಡಿಯೋ ಮಾದರಿಯದಾದ್ದರಿಂದ ಚೆಂಡು ಇರುವ ಜಾಗ, ಅಂಕ, ಸಮಯ ಎಲ್ಲವೂ ತಪ್ಪದೆ ಬರುತ್ತದೆ, ಇಂಗ್ಲಿಷ್ ತಿಳಿದಿರಬೇಕಷ್ಟೆ. ನಮ್ಮ ಕ್ಲಬ್ಬುಗಳೂ ಇದನ್ನು ಮಾಡಬೇಕು. ಒಂದು ಮೈಕು, ಇಬ್ಬರು ಮಾತುಗಾರರು, ಸಾಧಾರಣ ಇಂಟರ್ನೆಟ್ ಸಂಪರ್ಕದಲ್ಲಿ ಆಗುವ ಕೆಲಸವಿದು. ಬೆಂಗಳೂರಿನ ಕ್ಲಬ್ಬಿಗೆ ನೀವೊಂದು ಪತ್ರ ಬರೆದರೆ ನಷ್ಟವೇನೂ ಇಲ್ಲ.

ಕೊನೆಗೆ ಫಾತೋರ್ಡಾ. ಖಂಡಿತ ಕರೆದುಕೊಂಡು ಹೋಗಿ. ಬೆಂಗಳೂರು ಕಾರವಾರಕ್ಕೆ ಐನೂರು ಕಿ.ಮೀ.ಗಿಂತ ದೂರ, ಪಂಚಗಂಗಾ ಎಕ್ಸ್‌ಪ್ರೆಸ್ ಅಲ್ಲಿಂದ ಸಂಜೆಯೇ ಹೊರಡುವುದರಿಂದ ರಾತ್ರಿ ಪಂದ್ಯ ಮುಗಿಸಿ ಅದರಲ್ಲಿ ಮರಳುವಂತಿಲ್ಲ. ಎಫ್‌ಸಿ ಗೋವಾದ ತವರಾದ ಫಾತೋರ್ಡಾ ಮಡಗಾಂವ್‌ಗೆ ಸೇರಿದ್ದು, ನಮಗೆ ಸುಮಾರು 70 ಕಿ.ಮೀ. ಹಾಗಾಗಿ ನಮ್ಮ ಕಡೆಯ ಬೆಂಗಳೂರು ಅಭಿಮಾನಿಗೆ ತನ್ನ ತಂಡ ಹತ್ತಿರದಲ್ಲಿ ಸಿಗುವುದು ಅದು ಎದುರಾಳಿಯ ಮನೆಗೆ ಬಂದಾಗ. 2023ರ ಐಎಸ್‌ಎಲ್ ಫೈನಲ್ ಕೂಡ ಅಲ್ಲಿಯೇ ನಡೆದು, ಬೆಂಗಳೂರು ಎಟಿಕೆ ಮೋಹನ್ ಬಾಗಾನ್‌ಗೆ ಪೆನಾಲ್ಟಿಯಲ್ಲಿ ಸೋತಿತು. ಎಫ್‌ಸಿ ಗೋವಾ ಅಭಿಮಾನಿಗಳು 2019ರ ಐಎಸ್‌ಎಲ್ ಫೈನಲ್‌ನ 117ನೇ ನಿಮಿಷದಲ್ಲಿ ಬೆಂಗಳೂರಿನ ರಾಹುಲ್ ಭೇಕೆ ತಲೆಯಿಂದ ಹೊಡೆದು ತಮ್ಮನ್ನು ಸೋಲಿಸಿದ ಗೋಲನ್ನು ಇನ್ನೂ ಮರೆತಿಲ್ಲ. ಅವರ ನಡುವೆ ಬೆಂಗಳೂರಿನ ನೀಲಿ ಅಂಗಿ ತೊಟ್ಟು ಕೂರುವುದಕ್ಕಿಂತ ಹೊರ ತಂಡದ ಬೆಂಬಲಿಗರಿಗೆ ಇರುವ ಕಡೆ ಟಿಕೆಟ್ ತೆಗೆಸುವುದು ಒಳ್ಳೆಯದು. ಆದರೆ ಗೋಲಿನ ಹಿಂದಿನ ಸಾಲುಗಳಾದರೆ ಬೇಡ. ಹೇಳುವವರಿಗೆ ಇಡೀ ಮೈದಾನ ಕಾಣಬೇಕಾದ್ದರಿಂದ ನಡುಗೆರೆಯ ನೇರಕ್ಕೆ, ಸ್ವಲ್ಪ ಎತ್ತರದ ಸಾಲು ಬೇಕು. ಅದು ಗೋವಾದವರ ನಡುವೆಯೇ ಸಿಕ್ಕಿದರೆ ನೀಲಿ ಅಂಗಿ ಮನೆಯಲ್ಲಿರಲಿ.

ಮೊಬೈಲಿನ ವಿವರಣೆಯನ್ನು ಕಿವಿಗೆ ಹಾಕಿಕೊಂಡು ಕ್ರೀಡಾಂಗಣದಲ್ಲಿ ಕೂರಬಹುದು ಎಂದು ಯಾರಾದರೂ ಹೇಳಿದರೆ ಒಪ್ಪಬೇಡಿ. ಮೇಲೆ ಹೇಳಿದ ಅರ್ಧ ನಿಮಿಷದ ತಡ ಅಲ್ಲಿಯೂ ಇರುತ್ತದೆ. ಸುತ್ತಲಿನವರು ಎದ್ದು ಕೂಗಿ ಕೂತ ಮೇಲೆ ಕಿವಿಯಲ್ಲಿ ಗೋಲಾಗುತ್ತದೆ. ರಟ್ಟನ್ನು ಜೊತೆಗೆ ಒಯ್ಯಿರಿ, ದ್ವಾರದ ತಪಾಸಣೆಯಲ್ಲಿ ಅದೇನೆಂದು ಹೇಳಲು ಸಿದ್ಧರಾಗಿರಿ, ಗದ್ದಲದಲ್ಲಿ ಕೇಳಿಸುವಂತೆ ಅವರ ಕಿವಿಯ ಬಳಿಯೇ ಕೂತು ಹೇಳಿ. ಜನ ತುಂಬುವ ಮೊದಲೇ, ಮೆಟ್ಟಿಲು ಬಿಡುವಾಗಿರುವಾಗ ಒಳಗೆ ಹೋಗಿ ಕೂರುವುದು ಮೇಲು.

ಹೋಗುವುದು ಸುಲಭ, ಮರಳುವುದೇ ಕಷ್ಟ. ಬಸ್ಸಿನಲ್ಲಿ ಹೋದರೆ ಮಡಗಾಂವ್‌ನ ಕದಂಬ ನಿಲ್ದಾಣ ಕ್ರೀಡಾಂಗಣಕ್ಕೆ ಹತ್ತಿರವೇ ಇದೆ. ರೈಲು ನಿಲ್ದಾಣ ಊರಿನ ಇನ್ನೊಂದು ಕಡೆ. ಆದರೆ ಏಳೂವರೆಗೆ ಆರಂಭವಾಗುವ ಪಂದ್ಯ ಮುಗಿಯುವಾಗ ಒಂಬತ್ತೂವರೆ ಆಗುತ್ತದೆ, ಆ ಹೊತ್ತಿನಲ್ಲಿ ಕಾರವಾರದ ಬಸ್ಸನ್ನು ನೆಚ್ಚಿಕೊಳ್ಳುವಂತಿಲ್ಲ. ಮುಂಬೈಯಿಂದ ಬರುವ ಮತ್ಸ್ಯಗಂಧ ಮಡಗಾಂವ್ ತಲುಪುವುದು ನಡುರಾತ್ರಿ ಕಳೆದ ಮೇಲೆ. ದೃಷ್ಟಿ ಕುಗ್ಗಿದ ಹಿರಿಯರನ್ನು ಅಷ್ಟು ಹೊತ್ತು ಪ್ಲಾಟ್‌ಫಾರ್ಮಿನಲ್ಲಿ ಕೂರಿಸುವುದು ನನಗೆ ಒಪ್ಪಿಗೆಯಾಗದು. ಐದು ಗಂಟೆಯ ಪಂದ್ಯವನ್ನು ಆರಿಸಿಕೊಳ್ಳಿ, ಇಲ್ಲವೇ ನಾಲ್ಕು ಮಂದಿ ಸೇರಿ ಬಾಡಿಗೆ ಕಾರು ಮಾಡಿ. ಕಾಣಕೋಣದ ಆಚೆಯ ಘಟ್ಟದ ತಿರುವುಗಳಲ್ಲಿ ರಾತ್ರಿ ನಿಧಾನವಾಗುತ್ತದೆ, ಪೋಳೆ ದಾಟಿದ ಮೇಲೆ ಮಾಜಾಳಿಯಲ್ಲಿ ಅಬಕಾರಿಯವರು ಗಾಡಿ ನಿಲ್ಲಿಸಿ ನೋಡುವುದೂ ಉಂಟು. 2024ರ ಆಗಸ್ಟಿನಲ್ಲಿ ಕಾಳಿ ನದಿಯ ಹಳೆಯ ಸೇತುವೆ ಕುಸಿದ ಮೇಲೆ ಸದಾಶಿವಗಡದಿಂದ ಕೋಡಿಬಾಗಕ್ಕೆ ಎರಡೂ ದಿಕ್ಕಿನ ವಾಹನಗಳಿಗೆ ಹೊಸ ಸೇತುವೆಯೇ ಆಧಾರವಾಯಿತು. ಹೊರಡುವ ದಿನ ಅಲ್ಲಿನ ಸಂಚಾರ ಹೇಗಿದೆ ಎಂದು ವಿಚಾರಿಸಿಕೊಳ್ಳಿ, ಅರ್ಧ ಗಂಟೆ ಹೆಚ್ಚೇ ಇಟ್ಟುಕೊಳ್ಳಿ.